ನಗುವಿಗೆ ಬಿಟ್ಟ ಜಾಗ

ಹೊಳಲ್ಕೆರೆಯ ಪ್ರೌಢಶಾಲೆಯಲ್ಲಿ ಕನ್ನಡ ಕಲಿಸುತ್ತಿದ್ದಾಗ, ನನ್ನ ತರಗತಿಯ ನಿಶ್ಶಬ್ದಕ್ಕೆ ಇಡೀ ಶಾಲೆಯಲ್ಲಿ ಹೆಸರಿತ್ತು. ವಾರ್ಷಿಕೋತ್ಸವಕ್ಕೆಂದು ಬರೆದ ಹಾಸ್ಯ ನಾಟಕಗಳಿಂದಾಗಿ ಕಿರುತೆರೆಗೆ ಸಂಭಾಷಣೆ ಬರೆಯುವ ಅವಕಾಶ ಬಂತು; ಆಮೇಲೆ ಸಹಾಯಕ ನಿರ್ದೇಶಕಿಯಾದೆ, ಕೊನೆಗೆ ನಿರ್ದೇಶಕಿಯಾದೆ. ನಿಶ್ಶಬ್ದದ ಮೇಲಿನ ಪ್ರೀತಿ ಮಾತ್ರ ಹಾಗೆಯೇ ಉಳಿಯಿತು.

ನನ್ನ ಮೊದಲ ಹಾಸ್ಯ ಧಾರಾವಾಹಿಯ ಚಿತ್ರೀಕರಣ ನಡೆದದ್ದು ಚಿತ್ರದುರ್ಗದಲ್ಲಿ, ಜೋಗಿಮಟ್ಟಿಗೆ ಹೋಗುವ ದಾರಿಯ ಒಂದು ಬಾಡಿಗೆ ಮನೆಯಲ್ಲಿ. ಮಾತನ್ನು ಸ್ಥಳದಲ್ಲಿಯೇ ಧ್ವನಿಮುದ್ರಿಸಿಕೊಳ್ಳುತ್ತಿದ್ದುದರಿಂದ ಯಾರೂ ನಗುವಂತಿರಲಿಲ್ಲ. ಲೈಟಿನವರು ಟವಲನ್ನು ಬಾಯಿಗೆ ಒತ್ತಿಕೊಂಡು ನಿಲ್ಲುತ್ತಿದ್ದರು.

ಅಜ್ಜನ ಪಾತ್ರಕ್ಕೆ ಹಿರಿಯೂರಿನ ನಟರೊಬ್ಬರನ್ನು ಆರಿಸಿದ್ದೆ. ನಾಟಕ ಕಂಪನಿಗಳಲ್ಲಿ ಹಾಸ್ಯಪಾತ್ರ ಮಾಡುತ್ತಲೇ ವಯಸ್ಸಾದವರು. ಕಂಪನಿ ಮುಚ್ಚಿದ ಮೇಲೆ ಬಣ್ಣ ಹಚ್ಚಿರಲಿಲ್ಲ. ಆಯ್ಕೆಯ ದಿನ ನಾವೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆವು. ಕ್ಯಾಮೆರಾದ ಮುಂದೆ ಅದೇ ಮಾತು ಸಪ್ಪೆಯಾಗತೊಡಗಿತು. ಒಂದು ಮಾತು ಹೇಳಿ ಕಾಯುವರು, ನಮ್ಮ ಮುಖ ನೋಡುವರು, ಉಳಿದದ್ದನ್ನು ಗಡಿಬಿಡಿಯಿಂದ ಮುಗಿಸುವರು. ವಾಹಿನಿಯ ಅಧಿಕಾರಿ ಫೋನಿನಲ್ಲಿ ನೇರವಾಗಿಯೇ ಹೇಳಿದರು: “ಅಜ್ಜನ್ನ ಬದಲಾಯಿಸಿ, ಮೇಡಂ. ಶುಕ್ರವಾರದೊಳಗೆ ತಿಳಿಸಿ.”

ಅಂದು ಮಧ್ಯಾಹ್ನ ನಮ್ಮ ಅಜ್ಜ ತಟ್ಟೆಯಲ್ಲಿದ್ದ ಮುದ್ದೆಯನ್ನು ಮುರಿಯದೆ ಜಗಲಿಯ ಮೇಲೆ ಕುಳಿತಿದ್ದರು.

“ಕುಂತ್ಕಳ್ರಿ ಮೇಡಂ. ನನ್ನ ಊರಿಗೆ ಕಳಿಸ್ತೀರೇನೋ ಅನ್ನಂಗೈತೆ ನಿಮ್ಮ ಮುಖ.”

“ಹಾಗೆಂದು ನಾನಿನ್ನೂ ತೀರ್ಮಾನಿಸಿಲ್ಲ. ನಿಮಗೆ ಆಗುತ್ತಿರುವ ತೊಂದರೆ ಏನೆಂದು ಹೇಳಿ.”

“ಪಾಠ ಒಪ್ಪಿಸಿದಂಗೆ ಮಾತಾಡ್ತೀರಲ್ರಿ!” ಎಂದು ನಕ್ಕರು. ಆಮೇಲೆ ದನಿ ತಗ್ಗಿತು. “ನಿಮ್ಮ ಜನ ಸಾವಿನ ಮನೆಗೆ ಬಂದಂಗೆ ನಿಂತಿರ್ತಾರೆ. ಕಂಪನೀಲಿ ಜನ ನಗೋ ತಂಕ ಕಾಯ್ತಿದ್ವಿ. ಆ ನಗು ಇಳಿಯೋ ಹೊತ್ತಿಗೆ ಸರಿಯಾಗಿ ಮುಂದಿನ ಮಾತು. ಇಲ್ಲಿ ನಗುನೇ ಏಳಲ್ಲ, ಇಳಿಯೋದೆಲ್ಲಿ?”

“ಅವರಿಗೆ ನಗು ಬರುತ್ತದೆ. ನಗಬಾರದೆಂದು ಹೇಳಿರುವವಳು ನಾನು.”

“ತಲೆಗೆ ಗೊತ್ತೈತೆ, ಮೈಗೆ ಗೊತ್ತಾಗ್ತಿಲ್ಲ.”

ಮರುದಿನದಿಂದ ಕೆಲಸದ ಕ್ರಮ ಬದಲಾಯಿಸಿದೆ. ಪ್ರತಿ ದೃಶ್ಯವನ್ನೂ ಮೊದಲು ಕ್ಯಾಮೆರಾ ಇಲ್ಲದೆ, ಅಕ್ಕಪಕ್ಕದ ಮನೆಯವರನ್ನು ಕೂರಿಸಿಕೊಂಡು ಆಡಿಸಿದೆವು. ಆಗ ಎಲ್ಲರೂ ಮನಸಾರೆ ನಗಬಹುದಿತ್ತು. ಮನೆಯೊಡತಿ ಹೊಸದುರ್ಗದ ಕಡೆಯ ಮಾಡದಕೆರೆಯವರು; ಅವರ ನಗು ಎಲ್ಲರದೂ ಮುಗಿದ ಮೇಲೆ ಶುರುವಾಗುತ್ತಿತ್ತು.

“ಏನವ್ವ, ಮಾಡದಕೆರೆಗೆ ಹೋಗಿ ನಕ್ಕು ಬಂದ್ಯೇನು?” ಎಂದು ಅಜ್ಜ ಕೆಣಕಿದರು.

“ನೀನು ರೈಲು ಓಡಿಸಿದಂಗೆ ಹೇಳಿದ್ರೆ ನಾನೇನ್ ಮಾಡ್ಲಜ್ಜ?”

ಅನಂತರ ನೋಡಲು ಬಂದವರನ್ನೆಲ್ಲ ಹೊರಗೆ ಕಳಿಸಿ ಚಿತ್ರೀಕರಣ. ಎಲ್ಲೆಲ್ಲಿ ನಗು ಎದ್ದಿತ್ತೋ ಅಲ್ಲಲ್ಲಿ ಅವರು ಅಷ್ಟೇ ಜಾಗ ಬಿಡಬೇಕು; ಆ ಬಿಡುವಿನಲ್ಲಿ ಎರಡನೆಯ ಕ್ಯಾಮೆರಾ ಮಗ, ಸೊಸೆಯ ಪಾತ್ರಧಾರಿಗಳ ಮುಖಗಳನ್ನು ಹಿಡಿಯಬೇಕು. ಮೊದಲ ಎರಡು ದಿನ ಅಂಥ ಬದಲಾವಣೆ ಕಾಣಲಿಲ್ಲ.

ಗುರುವಾರದ್ದು ಬೀಗರ ಊಟದ ದೃಶ್ಯ. ಎಲ್ಲರೂ ಉಂಡು ಎದ್ದಿದ್ದಾರೆ. ಮೂಲೆಯಲ್ಲಿ ಚಾರ್ಜಿಗೆ ಹಾಕಿದ ಮೊಬೈಲ್ ಒಂದೇ ಉಳಿದಿದೆ. ಅಜ್ಜ ಬಗ್ಗಿ ಅದನ್ನು ಕೇಳಿದರು: “ಇನ್ನೂ ಹೊಟ್ಟೆ ತುಂಬಿಲ್ವೇನಪ್ಪ? ಬೀಗರೇ ಎದ್ದಾತು.” ಕಾದರು. ಎಲ್ಲರ ನಗುವಿಗೆ ಸಾಲುವಷ್ಟು ಕಾದಾದ ಮೇಲೂ ಮುಂದೆ ಹೋಗಲಿಲ್ಲ. ಯಾರೂ ಇಲ್ಲದ ಬಾಗಿಲ ಕಡೆ ತಿರುಗಿ, ತಡವಾಗಿ ಬರಬೇಕಾದ ಮನೆಯೊಡತಿಯ ನಗುವಿಗಾಗಿ ಹುಬ್ಬೇರಿಸಿಕೊಂಡು ನಿಂತರು.

ನಾನು ಗಟ್ಟಿಯಾಗಿ ನಕ್ಕುಬಿಟ್ಟೆ.

“ಮೇಡಂ, ಸೈಲೆನ್ಸ್!” ಎಂದು ಧ್ವನಿಮುದ್ರಣದವನು ಹೆಡ್‌ಫೋನ್ ಕಿತ್ತು ಕೂಗಿದ. ಲೈಟಿನವರ ಬಾಯಿಂದ ಟವಲುಗಳು ಜಾರಿದವು. ಅಜ್ಜ ಮಾತ್ರ ಪಾತ್ರ ಬಿಡಲಿಲ್ಲ. ನಮ್ಮ ನಗು ಏರಿ, ಇಳಿಯತೊಡಗಿದ ಕ್ಷಣಕ್ಕೆ ಸರಿಯಾಗಿ ಮುಂದಿನ ಮಾತನ್ನಿಟ್ಟರು.

ಪ್ರಸಾರಕ್ಕೆ ಬಾರದ ಆ ತುಣುಕನ್ನು ಹಾಗೆಯೇ ಅಧಿಕಾರಿಗೆ ಕಳಿಸಿದೆ. ಶುಕ್ರವಾರ ಊಟದ ಹೊತ್ತಿಗೆ ಅವರ ಫೋನ್ ಬಂತು: “ಅಜ್ಜ ಇರಲಿ.”

ಅಜ್ಜನಿಗೆ ಸುದ್ದಿ ಹೇಳಿದೆ. ತಟ್ಟೆ ಹತ್ತಿರ ಎಳೆದುಕೊಂಡು ಮುದ್ದೆ ಮುರಿದರು. ಅಷ್ಟರಲ್ಲಿ ಒಳಗಿನಿಂದ ಮನೆಯೊಡತಿಯ ನಗು ಕೇಳಿಸಿತು. ಯಾವ ಮಾತಿಗೋ ತಿಳಿಯದು.

“ಬಾರವ್ವ,” ಎಂದರು ಅಜ್ಜ, “ನಿನ್ನೆ ನಗು ಈಗ ಬಂತೇನು? ಉಣ್ಣಾಣ.”