ಕಿವಿ ಮೇಸ್ತ್ರಿ, ಷಡ್ಡಕ ಮತ್ತು ಸೋರುವ ವಿಮಾನ

ವಿಮಾನ ರಿಪೇರಿ ಶೆಡ್ಡಿನಲ್ಲಿ ಎಲ್ಲರೂ ಅವನನ್ನು ಕರೆಯುವುದು ಕಿವಿ ಮೇಸ್ತ್ರಿ ಎಂದೇ. ಇಪ್ಪತ್ತಾರು ವರ್ಷದಿಂದ ಗಾಳಿ ಎಲ್ಲಿ ಸೋರುತ್ತಿದೆ ಎಂಬುದನ್ನು ಕಿವಿಯಿಂದಲೇ ಹಿಡಿದವನು. ಅಂಥ ಕಿವಿಗೆ ಈಚೆಗೆ ಬೀಳುತ್ತಿದ್ದುದು ಒಂದೇ ಹೆಸರು, ಷಡ್ಡಕನದು. ಹೆಂಡತಿಯ ತಂಗಿಯನ್ನು ಕಟ್ಟಿಕೊಂಡ ಪುಣ್ಯಾತ್ಮ ಇದೇ ಶೆಡ್ಡಿಗೆ ಕೆಲಸಕ್ಕೆ ಬರಬೇಕೆ? ಬಂದವನು ಲ್ಯಾಪ್‌ಟಾಪ್ ಬಿಚ್ಚಿ ಎರಡೇ ವರ್ಷದಲ್ಲಿ ಎಲ್ಲರಿಂದ ಭೇಷ್ ಅನ್ನಿಸಿಕೊಳ್ಳಬೇಕೆ? ಮೂರು ತಿಂಗಳ ಹಿಂದೆ ಅವನಿಗೆ ಸನ್ಮಾನವೂ ಆಯಿತು. ಅಂದು ಮೇಸ್ತ್ರಿಯ ಹೊಟ್ಟೆಯಲ್ಲಿ ಹೊತ್ತಿದ ಕಿಚ್ಚು ಆರಲೇ ಇಲ್ಲ.

ಈಗ ಶಿಫ್ಟ್ ಮುಖ್ಯಸ್ಥನ ಕುರ್ಚಿ ಖಾಲಿಯಾಗಿತ್ತು. ಒಂದು ವಿಮಾನ ಮೇಲೇರಿದಾಗಲೆಲ್ಲ ಕ್ಯಾಬಿನ್ನಿನ ಒತ್ತಡ ಇಳಿದು, ಪ್ರಯಾಣಿಕರ ಕಿವಿ ಗುಂಯ್‌ಗುಟ್ಟಿ, ವಾಪಸು ಬರುತ್ತಿತ್ತು. "ಇದನ್ನ ಸರಿ ಮಾಡಿದೋರಿಗೇ ಕುರ್ಚಿ" ಎಂದುಬಿಟ್ಟ ಮ್ಯಾನೇಜರು.

ಮನೆಯಲ್ಲಿ ಹೆಂಡತಿ ಚುಚ್ಚಿದಳು. "ಇನ್ಮೇಲೆ ನನ್ನ ತಂಗಿ ಗಂಡನ್ನ ಸಾರ್ ಅಂತೀರಾ?"

ಷಡ್ಡಕ ಒತ್ತಡ ನೋಡಿಕೊಳ್ಳುವ ಕಂಪ್ಯೂಟರು ಬದಲಿಸಿದ. ವಿಮಾನ ಮತ್ತೆ ವಾಪಸು ಬಂತು. ಹಿಂಬದಿಯಲ್ಲಿ ಗಾಳಿಯನ್ನು ಅಳತೆಯಲ್ಲಿ ಹೊರಬಿಡುವ ವಾಲ್ವ್ ಬದಲಿಸಿದ. ಮತ್ತೆ ವಾಪಸು. ಮೇಸ್ತ್ರಿಗೆ ಹಾಲು ಕುಡಿದಷ್ಟು ಸಂತೋಷ. ಅಂದು ರಾತ್ರಿ ಎರಡು ತುತ್ತು ಹೆಚ್ಚೇ ಉಂಡ.

ಮರುದಿನ ಮಧ್ಯಾಹ್ನ ವಿಮಾನದ ಬಾಗಿಲುಗಳನ್ನೆಲ್ಲ ಮುಚ್ಚಿಸಿ, ಒಳಗೆ ಗಾಳಿ ತುಂಬಿಸಿ, ಹೊರಗೆ ಕಿವಿಯೊಡ್ಡಿ ಸುತ್ತಿದ. ಸಾಮಾನು ತುಂಬುವ ಬಾಗಿಲ ಬಳಿ ಸುಯ್ ಎಂದಿತು. ಒದ್ದೆ ಕೈ ಹಿಡಿದರೆ ತಣ್ಣಗಾಯಿತು. ಗಾಳಿ ಇಳಿಸಿ ಬಾಗಿಲು ತೆರೆಸಿದ. ಸುತ್ತಲಿನ ರಬ್ಬರಿನಲ್ಲಿ ಸಾಲಾಗಿ ಸಣ್ಣ ತೂತುಗಳಿರುತ್ತವೆ. ಅವು ಒಳಮುಖವಾಗಿರಬೇಕು, ಒಳಗಿನ ಗಾಳಿ ನುಗ್ಗಿ ರಬ್ಬರು ಉಬ್ಬಿ ಸಂದು ಮುಚ್ಚಬೇಕು. ಇಲ್ಲಿ ತೂತುಗಳು ಹೊರಗೆ ನೋಡುತ್ತಿದ್ದವು. ಯಾವನೋ ರಬ್ಬರನ್ನು ತಿರುಗುಮುರುಗಾಗಿ ಕೂರಿಸಿದ್ದ. ಹೊಸದಿರುವಷ್ಟು ದಿನ ಹೇಗೋ ತಡೆದು, ಸವೆದ ಮೇಲೆ ಸೋರತೊಡಗಿತ್ತು.

'ಅವನೇ! ಇನ್ಯಾರು?' ಎಂದುಕೊಂಡು ಮೇಸ್ತ್ರಿ ರಿಪೇರಿ ಪುಸ್ತಕದತ್ತ ಹೆಚ್ಚುಕಡಿಮೆ ಓಡಿದ. ಪುಟ ಸಿಕ್ಕಿತು, ಸಹಿಯೂ ಸಿಕ್ಕಿತು. ಸಹಿ ತನ್ನದೇ. ತಾರೀಖು ಷಡ್ಡಕನ ಸನ್ಮಾನದ ದಿನದ್ದು. ಅಂದು ಕೈ ರಬ್ಬರಿನ ಮೇಲಿತ್ತು, ಕಿವಿ ಮಾತ್ರ ಆಚೆ ಕೋಣೆಯ ಚಪ್ಪಾಳೆಯ ಕಡೆಗಿತ್ತು. ಕಂಕುಳಲ್ಲಿ ಕೂಸು, ಊರೆಲ್ಲ ಹುಡುಕಾಟ!

"ರಬ್ಬರು, ಈ ಸಹಿ, ಎರಡನ್ನೂ ನಾನೂ ಬೆಳಿಗ್ಗೆನೇ ನೋಡ್ದೆ ಅಣ್ಣಾ." ಹಿಂದೆ ಷಡ್ಡಕ ನಿಂತಿದ್ದ.

"ಮತ್ತೆ ಬಾಯಿಬಿಡಲಿಲ್ಲ ಯಾಕೆ?"

"ವಿಮಾನ ಹ್ಯಾಗೂ ಇಲ್ಲೇ ನಿಂತಿತ್ತಲ್ಲ. ಸಂಜೆವರೆಗೂ ನೋಡೋಣ, ನೀವೇ ಕಂಡುಹಿಡೀಲಿ ಅಂತ ಬಿಟ್ಟೆ. ಹೊಸ ರಬ್ಬರು ಹಾಕಿದೆ ಅಂತಷ್ಟೇ ಬರೀರಿ. ಹಳೇದನ್ನ ಯಾರು ಹಾಕಿದ್ರು ಅಂತ ಯಾರೂ ಕೇಳಲ್ಲ. ಕುರ್ಚಿ ನಿಮಗೇ ಸಿಗ್ಲಿ."

ಮೇಸ್ತ್ರಿಯ ಮೈಯೆಲ್ಲ ಉರಿಯಿತು. ಕೆಲಸದಲ್ಲಿ ಮೀರಿಸಿದ್ದು ಸಾಲದೆ ಈ ಪ್ರಾಣಿ ಒಳ್ಳೆಯತನದಲ್ಲೂ ಮೀರಿಸಬೇಕೆ? ಜೀವಮಾನವಿಡೀ ಇವನು ಬಿಟ್ಟುಕೊಟ್ಟ ಕುರ್ಚಿಯಲ್ಲಿ ಕೂರಬೇಕೆ? ಆಗುವುದಿಲ್ಲ. ಅವನ ಜೇಬಿನ ಪೆನ್ನು ಕಿತ್ತುಕೊಂಡು ಕಾಗದ ಹರಿಯುವಂತೆ ಒತ್ತಿ ಬರೆದ: ರಬ್ಬರು ತಪ್ಪಾಗಿ ಕೂರಿಸಿದವನು ನಾನು. ಮೊದಲು ಪತ್ತೆ ಮಾಡಿದವನು ಇವನು. ಕೆಳಗೆ ಷಡ್ಡಕನ ಪೂರ್ತಿ ಹೆಸರು, ತನ್ನ ಸಹಿ. ಕುರ್ಚಿ ಹೋಯಿತು ಎಂಬುದು ಅವನಿಗೆ ಚೆನ್ನಾಗಿ ಗೊತ್ತಿತ್ತು.

ಷಡ್ಡಕ ಓದಿದ. ಅವನ ಕಣ್ಣು ಒದ್ದೆಯಾಯಿತು.

"ನಿಮ್ಮಷ್ಟು ದೊಡ್ಡ ಮನಸ್ಸು ನನಗೆ ಬರಲ್ಲ ಅಣ್ಣಾ."

ಸೂಜಿಗಾತ್ರದ ಸೋರಿಕೆಯನ್ನೂ ಹತ್ತು ಹೆಜ್ಜೆ ದೂರದಿಂದ ಹಿಡಿಯುವ ಮೇಸ್ತ್ರಿ ಕಿವಿಗೆ ಕೈ ಅಡ್ಡ ಹಿಡಿದು ಬಗ್ಗಿದ.

"ಏನಂದೆ? ಸರಿಯಾಗಿ ಕೇಳಿಸ್ಲಿಲ್ಲ. ಇನ್ನೊಂದ್ಸಲ ಹೇಳು."