ಕರೆದದ್ದಕ್ಕೆ ಬಂದವನು

ನಮ್ಮ ಯಾದಗಿರಿ ಕಡೆ ತುತ್ತು ಬಾಯಿಗಿಡುವ ಮೊದಲು ಎದುರಿಗಿದ್ದವರನ್ನು "ಬರ್ರಿ, ಊಟ ಮಾಡ್ರಿ" ಅಂತ ಕರೆಯಲೇಬೇಕು. ಅವರು "ಆಗ್ಲಿ, ನೀವು ಮಾಡ್ರಿ" ಅನ್ನಬೇಕು. ಕರೆಯುವುದು ಎಷ್ಟು ರಿವಾಜೋ, ಬಾರದಿರುವುದೂ ಅಷ್ಟೇ ರಿವಾಜು.

ಇಟಲಿಯ ಪಲೆರ್ಮೊದಲ್ಲಿ ಬೀದಿ ತಿನಿಸು ತೋರಿಸುವ ಗೈಡ್ ಒಬ್ಬಳ ಹಿಂದೆ ನಾನೂ ನನ್ನ ಹೆಂಡತಿಯೂ ಓಣಿ ಓಣಿ ಸುತ್ತುತ್ತಿದ್ದೆವು. ಗೈಡ್ ನಮಗೆ ಕಡಲೆಹಿಟ್ಟಿನ ಭಜಿ ಇಟ್ಟ ಬ್ರೆಡ್ ಕೊಡಿಸಿದಳು. ನಡೆಯುತ್ತ ತಿಂದು ರೂಢಿಯಿಲ್ಲದ ನಾವು ಚರ್ಚಿನ ಮೆಟ್ಟಿಲ ಮೇಲೆ ಕೂತೆವು. ಆಚೆ ತುದಿಯಲ್ಲಿ ಒಬ್ಬ ಮುದುಕ ಕೂತಿದ್ದ. ಅಭ್ಯಾಸಬಲದಿಂದ ಬ್ರೆಡ್ ತೋರಿಸಿ, ಬಾ ಎಂದು ಕೈಮಾಡಿದೆ.

ಅವನು ಎದ್ದು ಬಂದ. ನನ್ನ ಪಕ್ಕದಲ್ಲೇ ಕೂತು ಕೈಚಾಚಿದ.

ನಾನು ಬ್ರೆಡ್ ಹಿಡಿದುಕೊಂಡು ಹಾಗೇ ಕೂತಿದ್ದೆ.

"ನೀವೇ ಕರದೀರಲ್ರಿ, ಕೊಡ್ರಿ," ಅಂದಳು ಹೆಂಡತಿ.

"ನಾ ಸುಮ್ನ ಕರದೀನಿ."

"ಅವ್ರು ಸುಮ್ನ ಬಂದಿಲ್ರಿ."

ಅರ್ಧ ಮುರಿದು ಕೊಟ್ಟೆ. ಅವನು ತಲೆ ಎತ್ತದೆ ತಿಂದ. ಅಂಗೈಗೆ ಉದುರಿದ ಪುಡಿಯನ್ನೂ ಬಿಡಲಿಲ್ಲ.

ಊರಲ್ಲಿ ಈಗಲೂ ಎಲ್ಲರನ್ನೂ ಊಟಕ್ಕೆ ಕರೆಯುತ್ತೇನೆ. ಕರೆಯುವ ಮೊದಲು ಮಾತ್ರ ಬುಟ್ಟಿಯಲ್ಲಿ ರೊಟ್ಟಿ ಎಷ್ಟಿವೆ ಅಂತ ಒಮ್ಮೆ ನೋಡಿಕೊಳ್ಳುತ್ತೇನೆ.