ಇಲ್ಲದ ಕ್ಷೇತ್ರದ ಅಡಿಗಲ್ಲು

ನಮ್ಮ ಹಳೇ ವಿಧಾನಸಭಾ ಕ್ಷೇತ್ರದ ಇತಿಹಾಸ ಬರೆದುಕೊಡಿ ಎಂದು ಕೇಳಲು ಕಳೆದ ತಿಂಗಳು ರಾಮದುರ್ಗದಿಂದ ಇಬ್ಬರು ತರುಣರು ಬಂದಿದ್ದರು. ಸ್ಮರಣ ಸಂಚಿಕೆ ತರುತ್ತಾರಂತೆ. ನಿವೃತ್ತ ಮಾಸ್ತರನಿಗೆ ಬೇರೆ ಕೆಲಸ ಇರುವುದಿಲ್ಲ ಎಂಬುದು ಇಡೀ ತಾಲೂಕಿಗೆ ಗೊತ್ತಿರುವ ಸಂಗತಿ.

ಆ ಕ್ಷೇತ್ರ ಈಗಿಲ್ಲ. ಎರಡು ಸಣ್ಣ ಪೇಟೆಗಳು, ಒಂದಷ್ಟು ಹಳ್ಳಿಗಳು ಸೇರಿ ಆಗಿತ್ತು. ಯಾರೋ ಎಲ್ಲೋ ಕುಳಿತು ಗಡಿ ಹೊಸದಾಗಿ ಎಳೆದರು. ಅರ್ಧ ಸವದತ್ತಿ ಕಡೆ ಹೋಯಿತು, ಅರ್ಧ ರಾಮದುರ್ಗದ ಕಡೆ ಬಂತು. ಅಣ್ಣತಮ್ಮಂದಿರು ಪಾಲಾಗುವಾಗ ಒಂದು ತಾಮ್ರದ ಹಂಡೆಗಾದರೂ ಜಗಳ ಬೀಳುತ್ತದೆ. ನಮ್ಮೂರಿಗಾಗಿ ಯಾರೂ ಜಗಳ ಮಾಡಲಿಲ್ಲ.

ಹೋಗುವಾಗ ಆ ಕ್ಷೇತ್ರ ನಮಗೆ ಬಿಟ್ಟದ್ದು ಒಂದೇ, ಹೆಣ್ಣುಮಕ್ಕಳ ಹೈಸ್ಕೂಲಿನ ಅಡಿಗಲ್ಲು. ನಾನು ಐದನೆಯ, ಅಕ್ಕ ಏಳನೆಯ ತರಗತಿಯಲ್ಲಿದ್ದಾಗ ಶಾಸಕರು ಬಂದು ಊರಂಚಿನಲ್ಲಿ ಅದನ್ನು ನಿಲ್ಲಿಸಿದ್ದರು. ಕಾಯಿ ಒಡೆದರು, ಭಾಷಣ ಮಾಡಿದರು, ಪೇಢೆ ಹಂಚಿದರು. ಪೇಢೆ ಮಾತ್ರ ನಿಜವಾಗಿಯೂ ಚೆನ್ನಾಗಿತ್ತು.

ಊರ ಶಾಲೆ ಏಳನೆಯವರೆಗೆ ಮಾತ್ರ. ಆ ವರ್ಷ ಪರೀಕ್ಷೆಯಲ್ಲಿ ಅಕ್ಕ ಶಾಲೆಗೇ ಮೊದಲು ಬಂದಳು. ರಾಮದುರ್ಗದ ಸೋದರತ್ತೆ ತಾನಾಗಿಯೇ ಬಂದು, "ಅಣ್ಣಾ, ಹುಡುಗೀನ ನಮ್ಮ ಮನ್ಯಾಗ ಇಟ್ಕೊಂಡು ಓದಸ್ತೇನಿ, ಕಳಸು" ಎಂದಳು.

ಅಪ್ಪ ಒಪ್ಪಲಿಲ್ಲ. "ಊರಾಗ ಸಾಲಿ ಬರೂದೈತಿ. ಕಲ್ಲ ಹಾಕ್ಯಾರ. ಒಂದ ವರ್ಷ ತಡೀಲಿ."

ಅಪ್ಪ ಕೆಟ್ಟವನಲ್ಲ, ಬರೆದದ್ದನ್ನು ನಂಬುವವನು. ಕಲ್ಲಿನಲ್ಲಿ ಕೆತ್ತಿದ್ದಂತೂ ಅವನಿಗೆ ದೇವರ ಮಾತೇ. ಸೋಮವಾರಕ್ಕೊಮ್ಮೆ ಅದರ ಸುತ್ತಲಿನ ಕಸ ತೆಗೆಸುತ್ತಿದ್ದ, ಅದೂ ಅಕ್ಕನ ಕೈಯಿಂದಲೇ. ಎರಡು ವರ್ಷದಲ್ಲಿ ನನ್ನ ಏಳನೆಯದೂ ಮುಗಿಯಿತು. ಕಲ್ಲಿನ ಮೇಲೆ 'ಹೆಣ್ಣುಮಕ್ಕಳ' ಎಂದಿದ್ದರಿಂದ ನಾನು ಕಾಯುವ ಕಾರಣವೇ ಇರಲಿಲ್ಲ. ಅಕ್ಕ ನನ್ನ ಟ್ರಂಕು ತುಂಬಿಕೊಟ್ಟಳು. ಅದೇ ಅತ್ತೆಯ ಮನೆಯಲ್ಲಿ ಉಂಡು, ಓದಿ, ನಾನು ಮಾಸ್ತರನಾದೆ. ಆ ನಾಚಿಕೆ ನನ್ನನ್ನು ಇಂದಿಗೂ ಬಿಟ್ಟಿಲ್ಲ.

ಅಕ್ಕನಿಗೆ ಊರಲ್ಲೇ ಲಗ್ನವಾಯಿತು. ಗಂಡನ ಮನೆ ಆ ಕಲ್ಲಿನ ಎದುರಿಗೇ. ಕ್ಷೇತ್ರ ಹೋದ ಮೇಲೆ ಅಪ್ಪ ಅರ್ಜಿ ಹಿಡಿದು ಹೊಸ ಶಾಸಕರನ್ನು ಕಂಡ. "ಅದು ಹಳೇ ಕ್ಷೇತ್ರದ ಕಲ್ಲರಿ ಯಜಮಾನ್ರ, ನಮಗ ಬರೂದಿಲ್ಲ" ಎಂದರಂತೆ. ಆದರೂ ಅವರು ಅಪ್ಪನನ್ನು ಬರಿಗೈಯಲ್ಲಿ ಕಳಿಸಲಿಲ್ಲ. ಹಳೆಯದರ ಪಕ್ಕದಲ್ಲೇ ತಮ್ಮದೊಂದು ಹೊಸ ಕಲ್ಲು ನಿಲ್ಲಿಸಿದರು. ಶಾಲೆ ಆಗಲೂ ಬರಲಿಲ್ಲ. ಅಕ್ಕನಿಗೆ ಮಾತ್ರ ಅನುಕೂಲವಾಯಿತು. ಸಗಣಿಯ ಕುಳ್ಳು ತಟ್ಟಲು ಬಿಸಿಲು ಬೀಳುವ ಜಾಗ ಒಂದಿದ್ದದ್ದು ಎರಡಾಯಿತು.

ತರುಣರಿಗೆ ಹಳೇ ಕಲ್ಲಿನ ಫೋಟೋ ಬೇಕಿತ್ತು, ಕರೆದೊಯ್ದೆ. ಶಾಸಕರ ಹೆಸರಿನ ಮೇಲೆ ಎರಡು ಕುಳ್ಳು, 'ಅಮೃತ ಹಸ್ತ'ದ ಮೇಲೆ ಒಂದು. ಅಕ್ಕ ಬುಟ್ಟಿ ತಂದು ಒಂದೊಂದಾಗಿ ಕಿತ್ತಳು. ಅಕ್ಷರಗಳು ಸವೆದಿದ್ದವು. ಒಬ್ಬ ತರುಣ ಕಣ್ಣು ಕಿರಿದು ಮಾಡಿ ಓದಲು ತಡವರಿಸಿದ. ಅಕ್ಕ ಅತ್ತ ತಿರುಗಿಯೂ ನೋಡದೆ, ಬುಟ್ಟಿಯಲ್ಲಿ ಕುಳ್ಳು ಹೊಂದಿಸುತ್ತಲೇ, ಮೊದಲಿನಿಂದ ಕೊನೆಯವರೆಗೆ ಬಾಯಿಪಾಠ ಒಪ್ಪಿಸಿಬಿಟ್ಟಳು.

ಹುಡುಗನಿಗೆ ಖುಷಿಯಾಯಿತು. "ಆಯಿ, ನೀವೂ ಇದ ಸಾಲ್ಯಾಗ ಕಲ್ತೀರೇನ್ರಿ?"

ಅಕ್ಕ ಕೈ ಒರೆಸಿಕೊಂಡು ಕಲ್ಲು ತೋರಿಸಿದಳು.

"ಹೂನಪಾ, ಇದ ಸಾಲ್ಯಾಗ. ಇಷ್ಟ ಕಲಿಸಿದ್ರು."